ಮಿತಾಕ್ಷರದಿಂದ ಸಂವಿಧಾನದವರೆಗೆ: ಕಾನೂನಿನ ಮೂಲ ಯಾವುದು, ಅರ್ಥ ಹೇಳುವವರು ಯಾರು?

2020ರ ಆಗಸ್ಟ್ 11ರಂದು ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ ವಿನೀತಾ ಶರ್ಮಾ ಪ್ರಕರಣದ ತೀರ್ಪು ಕೊಟ್ಟಿತು. ಅವಿಭಕ್ತ ಕುಟುಂಬದ ಪಿತ್ರಾರ್ಜಿತ ಆಸ್ತಿಯಲ್ಲಿ ಮಗಳಿಗೂ ಮಗನಷ್ಟೇ ಹಕ್ಕು ಹುಟ್ಟಿನಿಂದಲೇ ಬರುತ್ತದೆ, 2005ರ ತಿದ್ದುಪಡಿ ಜಾರಿಯಾದ ದಿನ ಆಕೆಯ ತಂದೆ ಬದುಕಿರಬೇಕಿಲ್ಲ ಎಂಬುದು ಅದರ ಸಾರ. ಹುಟ್ಟಿನಿಂದ ಹಕ್ಕು ಎಂಬ ಈ ತತ್ವ ಸಂಸತ್ತು ಹೊಸದಾಗಿ ಹೂಡಿದ್ದಲ್ಲ. ಕಲ್ಯಾಣ ಚಾಲುಕ್ಯರ ಆರನೆಯ ವಿಕ್ರಮಾದಿತ್ಯ (1076–1126) ಆಳುತ್ತಿದ್ದಾಗ, ಇಂದಿನ ಬೀದರ್ ಜಿಲ್ಲೆಯ ಬಸವಕಲ್ಯಾಣದಲ್ಲಿ, ವಿಜ್ಞಾನೇಶ್ವರನೆಂಬ ವಿದ್ವಾಂಸ ಯಾಜ್ಞವಲ್ಕ್ಯ ಸ್ಮೃತಿಗೆ ಬರೆದ ‘ಮಿತಾಕ್ಷರ’ ಎಂಬ ಟೀಕೆಯಲ್ಲಿ ವಾದ ಮಾಡಿ ನಿಲ್ಲಿಸಿದ ತತ್ವ ಅದು. ಅವನು ಅದನ್ನು ಗಂಡುಮಕ್ಕಳಿಗೆ ಹೇಳಿದ್ದ. ಒಂಬತ್ತು ಶತಮಾನಗಳ ಮೇಲೆ ಅದೇ ತತ್ವ ಹೆಣ್ಣುಮಕ್ಕಳಿಗೂ ಸಂದಿತು.

ಹಾಗಾದರೆ ಈ ಕಾನೂನಿನ ಮೂಲ ಯಾವುದು? ಯಾಜ್ಞವಲ್ಕ್ಯನ ಶ್ಲೋಕವೇ, ವಿಜ್ಞಾನೇಶ್ವರನ ಟೀಕೆಯೇ, ಊರಿನ ರೂಢಿಯೇ, ಬ್ರಿಟಿಷರ ಕೋರ್ಟುಗಳೇ, ಸಂಸತ್ತೇ, ಸಂವಿಧಾನವೇ? ಒಂದೊಂದು ಉತ್ತರಕ್ಕೂ ಒಂದೊಂದು ಪಂಥವಿದೆ. ಆ ಪಂಥಗಳನ್ನು ಈ ಆಸ್ತಿಹಕ್ಕಿನ ಚರಿತ್ರೆಯ ಜೊತೆಗಿಟ್ಟು ನೋಡುವುದು ಈ ಲೇಖನದ ಉದ್ದೇಶ. ಮೂಲ ಯಾವುದೆಂಬ ಪ್ರಶ್ನೆಯಷ್ಟೇ ಇನ್ನೊಂದು ಪ್ರಶ್ನೆಯೂ ಮುಖ್ಯವೆಂದು ನಾನು ನಂಬಿದ್ದೇನೆ: ಅರ್ಥ ಹೇಳುವ ಅಧಿಕಾರ ಯಾರ ಕೈಯಲ್ಲಿತ್ತು, ಅವರ ಕಣ್ಣು ಜನರ ಬದುಕಿನ ಮೇಲಿತ್ತೋ ಇಲ್ಲವೋ?

ದೇವರು, ದೊರೆ, ರೂಢಿ

ಬ್ಯಾಬಿಲೋನಿನ ದೊರೆ ಹಮ್ಮುರಾಬಿ ಸುಮಾರು ಕ್ರಿ.ಪೂ. 1750ರಲ್ಲಿ ಕೆತ್ತಿಸಿದ ಕಪ್ಪು ಕಲ್ಲಿನ ಕಂಬ ಈಗ ಪ್ಯಾರಿಸ್ಸಿನ ಲೂವ್ರ್ ಸಂಗ್ರಹಾಲಯದಲ್ಲಿದೆ. ಕಂಬದ ತಲೆಯಲ್ಲಿ ಸೂರ್ಯದೇವ ಶಮಾಶ್ ಕೂತಿದ್ದಾನೆ, ದೊರೆ ಎದುರು ನಿಂತಿದ್ದಾನೆ. ಕೆಳಗೆ ಸಾಲ, ಒಕ್ಕಲುತನ, ಮದುವೆ, ಹೊಡೆದಾಟಗಳ ಬಗ್ಗೆ ಕಟ್ಟಳೆಗಳಿವೆ. ಕಾನೂನಿಗೆ ದೈವದ ಬೆಂಬಲವೂ ಅರಸನ ಬಲವೂ ಬೇಕೆಂಬ ಭಾವನೆ ಆ ಚಿತ್ರದಲ್ಲೇ ಇದೆ. ಆದರೆ ಆ ಕಾಲದ ವ್ಯಾಜ್ಯ, ವ್ಯವಹಾರಗಳ ಮಣ್ಣಿನ ಫಲಕಗಳಲ್ಲಿ ಈ ಕಟ್ಟಳೆಗಳನ್ನು ಆಧಾರವಾಗಿ ಹೆಸರಿಸಿದ್ದು ತೀರಾ ವಿರಳ. ಹೀಗಾಗಿ ಇದು ಜಾರಿಯಲ್ಲಿದ್ದ ಕಾನೂನೋ, ದೊರೆಯ ನ್ಯಾಯನಿಷ್ಠೆಯನ್ನು ಸಾರುವ ಸ್ಮಾರಕವೋ ಎಂಬ ಚರ್ಚೆ ವಿದ್ವಾಂಸರಲ್ಲಿ ನಡೆದೇ ಇದೆ.

ರೋಮಿನ ಕಥೆ ಬೇರೆ. ಅಲ್ಲಿ ಕಾನೂನಿನ ತಿಳಿವಳಿಕೆ ಕುಲೀನ ಪುರೋಹಿತರ ವಶದಲ್ಲಿತ್ತು. ಅದನ್ನು ಎಲ್ಲರಿಗೂ ಕಾಣುವಂತೆ ಬರೆದಿಡಿ ಎಂದು ಸಾಮಾನ್ಯರು ಹಟ ಹಿಡಿದ ಫಲವಾಗಿ ಸುಮಾರು ಕ್ರಿ.ಪೂ. 450ರಲ್ಲಿ ‘ಹನ್ನೆರಡು ಫಲಕಗಳು’ ಹುಟ್ಟಿದವು ಎಂದು ರೋಮನ್ ಪರಂಪರೆ ಹೇಳುತ್ತದೆ. ಬರವಣಿಗೆ ಇಲ್ಲಿ ಬಡವರ ರಕ್ಷಣೆಗೆ ಬಂತು.

ಯೆಹೂದಿ ಪರಂಪರೆಯಲ್ಲಿ ಕಾನೂನು ದೇವರ ಮಾತು. ಆದರೂ ತಾಲ್ಮುದ್‌ನಲ್ಲಿ ಒಂದು ಪ್ರಸಂಗವಿದೆ. ಒಂದು ಒಲೆ ಶುದ್ಧವೋ ಅಶುದ್ಧವೋ ಎಂಬ ವಾದದಲ್ಲಿ ಒಬ್ಬ ಗುರುವಿನ ಪರವಾಗಿ ಆಕಾಶವಾಣಿಯೇ ಆಗುತ್ತದೆ. ಉಳಿದವರು ಒಪ್ಪುವುದಿಲ್ಲ. ಕಾನೂನನ್ನು ಮನುಷ್ಯರಿಗೆ ಕೊಟ್ಟಾಗಿದೆ, ಇನ್ನು ಬಹುಮತದಿಂದ ನಿರ್ಧರಿಸುವವರು ನಾವು ಎಂದು ಪಟ್ಟು ಹಿಡಿಯುತ್ತಾರೆ. ಮೂಲ ದೈವಿಕವಾದರೂ ಅರ್ಥ ಮಾನವರದು ಎಂಬ ನಿಲುವನ್ನು ಇದಕ್ಕಿಂತ ದಿಟ್ಟವಾಗಿ ಹೇಳುವುದು ಕಷ್ಟ.

ಇಸ್ಲಾಮಿನ ನ್ಯಾಯಶಾಸ್ತ್ರವೂ ಮೂಲಗಳಿಗೆ ಕ್ರಮ ಹಾಕಿಕೊಂಡಿತು. 820ರಲ್ಲಿ ತೀರಿಕೊಂಡ ಇಮಾಮ್ ಶಾಫಿಯ ಕೃತಿಯಿಂದ ಗಟ್ಟಿಯಾದ ಆ ಕ್ರಮದಲ್ಲಿ ಕುರಾನ್, ಪ್ರವಾದಿಯ ನಡೆನುಡಿ, ಸಮುದಾಯದ ಒಮ್ಮತ, ಸಾದೃಶ್ಯದ ತರ್ಕ ಎಂಬ ನಾಲ್ಕು ಮೆಟ್ಟಿಲುಗಳಿವೆ. ಸುನ್ನಿಗಳಲ್ಲಿ ಹನಫಿ, ಮಾಲಿಕಿ, ಶಾಫಿ, ಹಂಬಲಿ ಎಂಬ ನಾಲ್ಕು ಪಂಥಗಳು ಬೇರೂರಿದವು. ಕರ್ನಾಟಕದಲ್ಲೇ ಭಟ್ಕಳದ ನವಾಯತರು ಮತ್ತು ದಕ್ಷಿಣ ಕನ್ನಡದ ಬ್ಯಾರಿಗಳು ಶಾಫಿ ಪಂಥದವರು, ಬಯಲುಸೀಮೆಯ ಹೆಚ್ಚಿನ ಮುಸ್ಲಿಮರು ಹನಫಿಗಳು. ಗ್ರಂಥ ಒಂದೇ, ನಂಬಿಕೆ ಒಂದೇ. ಆಚರಣೆಯ ವಿವರಗಳು ಬೇರೆ.

ಧರ್ಮಶಾಸ್ತ್ರದ ಮೂಲಗಳ ಪಟ್ಟಿ, ಪಟ್ಟಿಯೊಳಗಿನ ತಿಕ್ಕಾಟ

ಮನು ಮತ್ತು ಯಾಜ್ಞವಲ್ಕ್ಯ ಇಬ್ಬರೂ ಧರ್ಮದ ಮೂಲಗಳನ್ನು ಎಣಿಸುತ್ತಾರೆ: ವೇದ, ಸ್ಮೃತಿ, ಸಜ್ಜನರ ಆಚಾರ, ತನ್ನ ಮನಸ್ಸಿಗೆ ಒಪ್ಪುವುದು. ಯಾಜ್ಞವಲ್ಕ್ಯ ಒಳ್ಳೆಯ ಸಂಕಲ್ಪದಿಂದ ಹುಟ್ಟಿದ ಬಯಕೆಯನ್ನೂ ಸೇರಿಸುತ್ತಾನೆ. ಇವುಗಳಲ್ಲಿ ಒಂದಕ್ಕೊಂದು ಹೊಂದದಿದ್ದರೆ ಏನು ಮಾಡಬೇಕು? ವೇದವೇ ದೊಡ್ಡದೆಂಬುದು ಸಿದ್ಧಾಂತ. ವ್ಯವಹಾರದಲ್ಲಿ ಮಾತ್ರ ಉತ್ತರಗಳು ಬೇರೆಬೇರೆಯಾದವು. ಎರಡು ಸ್ಮೃತಿಗಳು ಪರಸ್ಪರ ವಿರೋಧವಾಗಿದ್ದರೆ ಲೋಕವ್ಯವಹಾರವನ್ನು ಆಧರಿಸಿದ ನ್ಯಾಯವೇ ಬಲವಾದದ್ದು ಎಂದು ಯಾಜ್ಞವಲ್ಕ್ಯ ಹೇಳಿದ. ವೇದಕ್ಕೆ ವಿರೋಧವಲ್ಲದ ದೇಶಾಚಾರ, ಜಾತ್ಯಾಚಾರ, ಕುಲಾಚಾರಗಳೂ ಪ್ರಮಾಣ ಎಂದ ಗೌತಮ ಧರ್ಮಸೂತ್ರ, ಒಕ್ಕಲಿಗರು, ವರ್ತಕರು, ದನಗಾಹಿಗಳು, ಲೇವಾದೇವಿಯವರು, ಕುಶಲಕರ್ಮಿಗಳು ತಮ್ಮತಮ್ಮ ವರ್ಗದೊಳಗೆ ಪ್ರಮಾಣ ಎಂದಿತು. ನಾರದಸ್ಮೃತಿಯಂತೂ ಧರ್ಮ, ವ್ಯವಹಾರ, ಚರಿತ್ರ, ರಾಜಶಾಸನ ಎಂಬ ನಾಲ್ಕು ಪಾದಗಳನ್ನು ಹೆಸರಿಸಿ, ಹಿಂದಿನದನ್ನು ಮುಂದಿನದು ಮೀರುತ್ತದೆ ಎಂದಿತು. ಹಾಗಾದರೆ ರಾಜಾಜ್ಞೆಯೇ ಕೊನೆಯ ಮಾತೇ? ಟೀಕಾಕಾರರು ಇದಕ್ಕೆ ಒಂದೇ ಉತ್ತರ ಕೊಟ್ಟಿಲ್ಲ.

ಈ ಗ್ರಂಥಗಳು ನಿಜಕ್ಕೂ ‘ಕಾನೂನು’ ಆಗಿದ್ದವೇ ಎಂಬುದೇ ಆಧುನಿಕ ವಿದ್ವಾಂಸರ ದೊಡ್ಡ ವಿವಾದ. ಇವು ಪಂಡಿತರ ಗ್ರಂಥಜ್ಞಾನ, ನಿತ್ಯದ ನ್ಯಾಯತೀರ್ಮಾನಕ್ಕೂ ಇವಕ್ಕೂ ದೂರವಿತ್ತು ಎಂಬುದು ಲೂಡೋ ರೋಷೆ ಮೊದಲಾದವರ ವಾದ. ಊರೂರಿನಲ್ಲಿ ಬಳಕೆಯಲ್ಲಿದ್ದ ರೂಢಿಗಳನ್ನೇ ಪಂಡಿತರು ಆಯ್ದು ಸಂಸ್ಕೃತದಲ್ಲಿ ಬರೆದಿಟ್ಟರು ಎಂದು ರಿಚರ್ಡ್ ಲಾರಿವಿಯೆರ್ ವಾದಿಸಿದರು. ಎರಡರ ನಡುವಣ ದಾರಿಯನ್ನು ತೋರುವ ಸಾಮಗ್ರಿ, 1930ರಿಂದ 1962ರವರೆಗೆ ಐದು ಸಂಪುಟಗಳಲ್ಲಿ ಹೊರಬಂದ ಪಾಂಡುರಂಗ ವಾಮನ ಕಾಣೆಯವರ ‘ಧರ್ಮಶಾಸ್ತ್ರದ ಇತಿಹಾಸ’ದಲ್ಲಿ ಹೇರಳವಾಗಿದೆ.

ಗ್ರಂಥಕ್ಕೂ ರೂಢಿಗೂ ನಡೆದ ಕೊಡುಕೊಳೆಗೆ ನಮ್ಮ ಮನೆಮನೆಯ ಉದಾಹರಣೆ ಸೋದರಮಾವನ ಮಗಳೊಂದಿಗಿನ ಮದುವೆ. ಬೌಧಾಯನ ಧರ್ಮಸೂತ್ರ ಇದನ್ನು ದಕ್ಷಿಣದವರ ವಿಶೇಷ ಆಚಾರವೆಂದು ಗುರುತಿಸಿತು. ವಿಜಯನಗರ ಕಾಲದ ಪರಾಶರ ಮಾಧವೀಯದಲ್ಲಿ ಮಾಧವಾಚಾರ್ಯರು ಅದಕ್ಕೆ ಶಾಸ್ತ್ರದ ಸಮರ್ಥನೆ ಒದಗಿಸಿದರು. 1955ರ ಹಿಂದೂ ವಿವಾಹ ಕಾಯ್ದೆ ಸಪಿಂಡರ, ಅಂದರೆ ಹತ್ತಿರದ ರಕ್ತಸಂಬಂಧಿಗಳ, ಮದುವೆಯನ್ನು ನಿಷೇಧಿಸಿದರೂ, ಎರಡೂ ಕಡೆಯ ರೂಢಿ ಒಪ್ಪುವುದಾದರೆ ಆಗಬಹುದು ಎಂದು ಬಾಗಿಲು ತೆರೆದಿಟ್ಟಿತು. ಎರಡು ಸಾವಿರ ವರ್ಷಗಳ ಈ ಪಯಣದಲ್ಲಿ ಗೆದ್ದದ್ದು ರೂಢಿ.

ವಿಜ್ಞಾನೇಶ್ವರ ಅರ್ಥ ಮಾಡಿದ ಬಗೆ

ಶಾಸ್ತ್ರವಾಕ್ಯಕ್ಕೆ ಅರ್ಥ ಹಚ್ಚಲು ಭಾರತದಲ್ಲಿ ಮೀಮಾಂಸೆ ಎಂಬ ಪೂರ್ಣ ವಿದ್ಯೆಯೇ ಬೆಳೆದಿತ್ತು. ಯಾವ ಮಾತು ವಿಧಿ, ಯಾವುದು ಬರಿಯ ಹೊಗಳಿಕೆ, ಎರಡು ವಾಕ್ಯಗಳು ಎದುರಾದಾಗ ಯಾವುದಕ್ಕೆ ಹೆಚ್ಚು ಬಲ ಎಂಬುದಕ್ಕೆ ಅದು ನಿಯಮ ಹಾಕಿತು. ಯಜ್ಞದ ವಿಧಿಗಳಿಗಾಗಿ ಹುಟ್ಟಿದ ಈ ನಿಯಮಗಳನ್ನು ಟೀಕಾಕಾರರು ಆಸ್ತಿಯ ವ್ಯಾಜ್ಯಗಳಿಗೂ ಬಳಸಿದರು. ವಿಜ್ಞಾನೇಶ್ವರ ಈ ವಿದ್ಯೆಯಲ್ಲಿ ಪಳಗಿದವನು. ಅವನ ದಾಯವಿಭಾಗ ಪ್ರಕರಣವನ್ನು ಹತ್ತಿರದಿಂದ ನೋಡಿದರೆ ಅವನ ಧೈರ್ಯ ಕಾಣುತ್ತದೆ.

ಮೊದಲ ಪ್ರಶ್ನೆ: ಒಡೆತನ ಎಂಬುದು ಶಾಸ್ತ್ರದಿಂದ ಗೊತ್ತಾಗುವಂಥದೋ, ಲೋಕದಿಂದ ಗೊತ್ತಾಗುವಂಥದೋ? ಶಾಸ್ತ್ರದಿಂದಲೇ ಎಂಬುದು ಪೂರ್ವಪಕ್ಷ. ವಿಜ್ಞಾನೇಶ್ವರ ಒಪ್ಪಲಿಲ್ಲ. ಭತ್ತದಂತೆ ಒಡೆತನವೂ ಲೌಕಿಕ ಪ್ರಯೋಜನಕ್ಕೆ ಒದಗುವಂಥದು. ಶಾಸ್ತ್ರವನ್ನೇ ಕಾಣದ ಗಡಿಸೀಮೆಯ ಜನರಲ್ಲೂ ಕೊಳ್ಳುವುದು, ಮಾರುವುದು, ಇದು ನನ್ನದು ಎನ್ನುವುದು ಇದ್ದೇ ಇದೆ ಎಂದು ಉತ್ತರ ಕೊಟ್ಟ. ಮಗನಿಗೆ ಹುಟ್ಟಿನಿಂದಲೇ ಹಕ್ಕು ಎಂಬುದೂ ಲೋಕದಲ್ಲಿ ಪ್ರಸಿದ್ಧ, ಆದ್ದರಿಂದ ಒಪ್ಪತಕ್ಕದ್ದು ಎಂದ. ಧರ್ಮಶಾಸ್ತ್ರದ ಟೀಕಾಕಾರನೊಬ್ಬ ಆಸ್ತಿಹಕ್ಕಿನ ಬುಡವನ್ನು ಜನಜೀವನದಲ್ಲಿ ತೋರಿಸಿದ್ದು ಸಣ್ಣ ಮಾತಲ್ಲ.

ಎರಡನೆಯದು ಹಿರಿಯ ಮಗನ ಹೆಚ್ಚುವರಿ ಪಾಲು. ಮನು ಅದನ್ನು ಸ್ಪಷ್ಟವಾಗಿ ಹೇಳಿದ್ದಾನೆ. ವಿಜ್ಞಾನೇಶ್ವರ ಶಾಸ್ತ್ರದಲ್ಲಿರುವುದನ್ನು ಅಲ್ಲಗಳೆಯಲಿಲ್ಲ. ಆದರೆ ಜನ ದ್ವೇಷಿಸುವ ಆಚರಣೆ ಶಾಸ್ತ್ರಸಮ್ಮತವಾದರೂ ಮಾಡತಕ್ಕದ್ದಲ್ಲ ಎಂಬ ಯಾಜ್ಞವಲ್ಕ್ಯನ ಮಾತನ್ನೇ ಮುಂದಿಟ್ಟು, ಸಂತಾನಕ್ಕಾಗಿ ಗಂಡನಲ್ಲದವನಿಂದ ಮಗು ಪಡೆಯುವ ನಿಯೋಗ ಹೇಗೆ ಬಿಟ್ಟುಹೋಯಿತೋ ಹಾಗೆಯೇ ಈ ಅಸಮ ಪಾಲನ್ನೂ ಬಿಡಬೇಕು ಎಂದ. ಶಾಸ್ತ್ರದ ಒಂದು ವಾಕ್ಯವನ್ನು ಬಳಸಿ ಇನ್ನೊಂದನ್ನು ನಿವೃತ್ತಿಗೊಳಿಸಿದ ಕ್ರಮ ಇದು.

ಮೂರನೆಯದು ಹೆಣ್ಣಿನ ಹಕ್ಕು. ದ್ರವ್ಯವೆಲ್ಲ ಯಜ್ಞಕ್ಕಾಗಿ ಹುಟ್ಟಿದ್ದು, ಹೆಂಗಸಿಗೆ ಯಜ್ಞದ ಅಧಿಕಾರವಿಲ್ಲ, ಆದ್ದರಿಂದ ಅವಳಿಗೆ ಅನ್ನ ಬಟ್ಟೆ ಸಾಕು ಎಂಬ ವಾದ ಆಗ ಇತ್ತು. ದ್ರವ್ಯದಿಂದ ಬೇರೆ ಪುರುಷಾರ್ಥಗಳೂ ಸಲ್ಲಬೇಕಲ್ಲವೇ ಎಂದು ವಿಜ್ಞಾನೇಶ್ವರ ಅದನ್ನು ತಳ್ಳಿಹಾಕಿದ. ಪಾಲಾಗಿ ಬೇರೆಯಿದ್ದು ಗಂಡುಸಂತಾನವಿಲ್ಲದೆ ಸತ್ತವನ ಆಸ್ತಿಗೆ ಹೆಂಡತಿಯೇ ಮೊದಲ ವಾರಸುದಾರಳು ಎಂದ. ಮದುವೆಯಾಗದ ಹೆಣ್ಣುಮಗಳಿಗೆ ಕಾಲು ಪಾಲು ಎಂಬ ಸ್ಮೃತಿವಾಕ್ಯಕ್ಕೆ ‘ಮದುವೆ ಖರ್ಚಿಗಾಗುವಷ್ಟು’ ಎಂದು ಕೆಲವರು ಅರ್ಥ ಹೇಳುತ್ತಿದ್ದರು. ಅವನು ಅದು ನಿಜವಾದ ಪಾಲೇ ಎಂದು ಹೇಳಿದ. ಸ್ತ್ರೀಧನದ ಪಟ್ಟಿಯ ಕೊನೆಯ ‘ಮೊದಲಾದವು’ ಎಂಬುದರೊಳಗೆ ವಾರಸಿನಿಂದ, ಕ್ರಯದಿಂದ, ವಿಭಾಗದಿಂದ ಬಂದದ್ದನ್ನೆಲ್ಲ ಸೇರಿಸಿದ. ಆದರೂ ಅವಿಭಕ್ತ ಕುಟುಂಬದೊಳಗೆ ಹುಟ್ಟಿನ ಹಕ್ಕನ್ನು ಮಗಳಿಗೆ ಕೊಡಲಿಲ್ಲ. ಅವನು ನಂಬಿದ ಲೋಕಪ್ರಸಿದ್ಧಿಯ ಮಿತಿಯೂ ಅಲ್ಲೇ ಇತ್ತು.

ಬಂಗಾಳದ ಜೀಮೂತವಾಹನ ‘ದಾಯಭಾಗ’ದಲ್ಲಿ ಬೇರೆ ದಾರಿ ಹಿಡಿದ. ತಂದೆಯ ಒಡೆತನ ಕೊನೆಗೊಂಡ ಮೇಲೆಯೇ ಮಕ್ಕಳಿಗೆ ಹಕ್ಕು ಎಂದ. ಸಪಿಂಡರೆಂದರೆ ಒಂದೇ ದೇಹದ ಅಂಶ ಹಂಚಿಕೊಂಡವರು ಎಂದು ವಿಜ್ಞಾನೇಶ್ವರ ಹೇಳಿದರೆ, ಶ್ರಾದ್ಧದ ಪಿಂಡದಿಂದ ಸತ್ತವನಿಗೆ ಶ್ರೇಯಸ್ಸು ತರುವವರು ಎಂದು ಜೀಮೂತವಾಹನ ಹೇಳಿದ. ರಕ್ತಸಂಬಂಧವೋ, ಪಿಂಡಪ್ರದಾನವೋ ಎಂಬ ಈ ಭೇದದಿಂದ ವಾರಸುದಾರರ ಸಾಲೇ ಬದಲಾಯಿತು. ಅವಿಭಕ್ತ ಕುಟುಂಬದಲ್ಲಿ ಗಂಡುಸಂತಾನವಿಲ್ಲದೆ ಸತ್ತವನ ವಿಧವೆಗೂ ದಾಯಭಾಗ ಅವನ ಪಾಲನ್ನು ಕೊಟ್ಟಿತು. ಆ ಒಂದು ವಿಷಯದಲ್ಲಿ ಅದು ಮಿತಾಕ್ಷರಕ್ಕಿಂತ ಉದಾರ.

ಗ್ರಂಥದ ಹೊರಗಿನ ಕಾನೂನು

ವಿಜ್ಞಾನೇಶ್ವರನ ಕಾಲ ಕಳೆದು ಕೆಲವು ದಶಕಗಳಾಗುವಷ್ಟರಲ್ಲಿ ಅದೇ ಕಲ್ಯಾಣದಲ್ಲಿ ಬಸವಾದಿ ಶರಣರು ಪ್ರಮಾಣದ ಪ್ರಶ್ನೆಯನ್ನೇ ತಿರುಗಿಸಿ ಕೇಳಿದರು. ವೇದಶಾಸ್ತ್ರಗಳ ಮೇಲರಿಮೆಯನ್ನು ಒಪ್ಪದೆ ಅನುಭಾವವನ್ನೂ ಕಾಯಕವನ್ನೂ ಮುಂದೆ ಮಾಡಿದರು. ಟೀಕಾಕಾರ ಶಾಸ್ತ್ರದ ಒಳಗಿದ್ದು ಅರ್ಥವನ್ನು ಹಿಗ್ಗಿಸಿದರೆ, ಶರಣರು ಶಾಸ್ತ್ರದ ಹೊರಗೆ ನಿಂತು ಅದರ ಅಧಿಕಾರವನ್ನೇ ಪ್ರಶ್ನಿಸಿದರು. ಜಾತಿಯನ್ನು ಮೀರಿದ ಮದುವೆಯೊಂದು ಕಲ್ಯಾಣದ ಕ್ರಾಂತಿಗೆ ಕಾರಣವಾಯಿತು ಎಂದು ಪರಂಪರೆ ನೆನೆಯುತ್ತದೆ. ವಿವಾಹದ ಕಟ್ಟಳೆ ಹೇಳುವವರು ಯಾರು ಎಂಬುದು ಆಗ ಪ್ರಾಣ ಪಣಕ್ಕಿಡುವ ಪ್ರಶ್ನೆಯಾಗಿತ್ತು.

ಶಾಸನಗಳಲ್ಲಿ ಇನ್ನೊಂದು ಲೋಕವಿದೆ. ಅಯ್ಯಾವೊಳೆಯ ಐನೂರ್ವರು ಎಂಬ ವರ್ತಕ ಸಂಘ ತನ್ನದೇ ‘ವೀರ ಬಣಂಜು ಧರ್ಮ’ವನ್ನು ಪಾಲಿಸುವುದಾಗಿ ಕಲ್ಲಿನ ಮೇಲೆ ಸಾರಿಕೊಂಡಿತು. ಅಗ್ರಹಾರಗಳ ಮಹಾಜನರು, ಊರ ಒಕ್ಕಲು, ನಕರಗಳು ಸೇರಿ ಮಾಡಿದ ಕಟ್ಟುಪಾಡುಗಳು ಕನ್ನಡ ಶಾಸನಗಳಲ್ಲಿ ಧಾರಾಳವಾಗಿವೆ. ವಾರಸುದಾರರಿಲ್ಲದವರ ‘ಅಪುತ್ರಿಕ’ ದ್ರವ್ಯ ಯಾರಿಗೆ ಸೇರಬೇಕೆಂದು ನಿಗದಿ ಮಾಡಿದವೂ ಅವುಗಳಲ್ಲಿವೆ.

ತುಳುನಾಡಿನ ಅಳಿಯಕಟ್ಟು ಇನ್ನೂ ಬೇರೆ. ಬಂಟರು, ಬಿಲ್ಲವರು ಮೊದಲಾದವರಲ್ಲಿ ಕುಟುಂಬ ತಾಯಿಯ ಕಡೆಯಿಂದ ಸಾಗುತ್ತಿತ್ತು. ಗಂಡಸಿನ ವಾರಸು ಅವನ ಸೋದರಿಯ ಮಕ್ಕಳಿಗೆ ಹೋಗುತ್ತಿತ್ತು. ತನ್ನ ಮಗನನ್ನು ಬಲಿಗೆ ಕೊಡಲು ಹೆಂಡತಿ ಒಪ್ಪದಾಗ ತಂಗಿ ತನ್ನ ಮಗನನ್ನು ಒಪ್ಪಿಸಿದಳು, ಅದಕ್ಕಾಗಿ ಭೂತಾಳಪಾಂಡ್ಯ ಅಳಿಯನಿಗೇ ರಾಜ್ಯವೆಂದು ಕಟ್ಟು ಮಾಡಿದ ಎಂಬ ಐತಿಹ್ಯ ಇದಕ್ಕಿದೆ. ಇಲ್ಲಿ ಮೊದಲಿದ್ದದ್ದು ರೂಢಿ. ಕಥೆ ಅದಕ್ಕೆ ಆಮೇಲೆ ದೊರೆತ ಮೂಲ ಎಂದು ತೋರುತ್ತದೆ. 1949ರ ಮದ್ರಾಸ್ ಅಳಿಯಸಂತಾನ ಕಾಯ್ದೆ ಕುಟುಂಬದ ಕವರುಗಳಿಗೆ, ಅಂದರೆ ತಾಯಿಯ ಕಡೆಯ ಶಾಖೆಗಳಿಗೆ, ಪಾಲು ಕೇಳುವ ಹಕ್ಕು ಕೊಟ್ಟಿತು. 1956ರ ಉತ್ತರಾಧಿಕಾರ ಕಾಯ್ದೆ ಇವರಿಗಾಗಿ ಪ್ರತ್ಯೇಕ ಕಲಮು ಇಟ್ಟಿತು.

ಕಂಪನಿ ಕೋರ್ಟುಗಳು ಮತ್ತು ಹೆಪ್ಪುಗಟ್ಟಿದ ಶಾಸ್ತ್ರ

1772ರಲ್ಲಿ ವಾರನ್ ಹೇಸ್ಟಿಂಗ್ಸ್ ಹಾಕಿದ ಯೋಜನೆಯಂತೆ ವಾರಸು, ಮದುವೆ, ಜಾತಿಯ ವಿಷಯಗಳಲ್ಲಿ ಹಿಂದೂಗಳಿಗೆ ಶಾಸ್ತ್ರ, ಮುಸ್ಲಿಮರಿಗೆ ಕುರಾನ್ ಎಂದು ಗೊತ್ತಾಯಿತು. ಹನ್ನೊಂದು ಪಂಡಿತರು ಸೇರಿಸಿದ ಸಂಗ್ರಹ ಪಾರಸಿಯ ಮೂಲಕ ಇಂಗ್ಲಿಷಿಗೆ ಇಳಿದು 1776ರಲ್ಲಿ ಹಾಲ್ಹೆಡ್ ಹೆಸರಿನಲ್ಲಿ ಅಚ್ಚಾಯಿತು. 1810ರಲ್ಲಿ ಕೋಲ್‌ಬ್ರೂಕ್ ಮಿತಾಕ್ಷರದ ದಾಯವಿಭಾಗವನ್ನೂ ದಾಯಭಾಗವನ್ನೂ ಅನುವಾದಿಸಿದ. ಅಲ್ಲಿಂದ ಮುಂದೆ ಸಂಸ್ಕೃತ ಬಾರದ ನ್ಯಾಯಾಧೀಶರ ಮೇಜಿನ ಮೇಲೆ ಕಲ್ಯಾಣದ ಟೀಕೆ ಕಾಯ್ದೆ ಪುಸ್ತಕದಂತೆ ಕೂತಿತು. 1864ರಲ್ಲಿ ಕೋರ್ಟುಗಳಿಂದ ಪಂಡಿತರನ್ನೂ ತೆಗೆದರು. ಉಳಿದದ್ದು ಅನುವಾದ ಮತ್ತು ಹಿಂದಿನ ತೀರ್ಪುಗಳು.

ಇದರ ಫಲವನ್ನು ಸ್ತ್ರೀಧನದಲ್ಲಿ ನೋಡಬಹುದು. ವಿಜ್ಞಾನೇಶ್ವರ ಅಗಲಿಸಿದ್ದ ಅರ್ಥವನ್ನು 1867ರಲ್ಲಿ ಲಂಡನ್ನಿನ ಪ್ರಿವಿ ಕೌನ್ಸಿಲ್ ಒಪ್ಪಲಿಲ್ಲ. ಗಂಡನಿಂದ ವಿಧವೆಗೆ ಬಂದ ಆಸ್ತಿ ಸ್ತ್ರೀಧನವಲ್ಲ, ಆಕೆಯ ಕಾಲಾನಂತರ ಅದು ಗಂಡನ ವಾರಸುದಾರರಿಗೇ ಮರಳುತ್ತದೆ ಎಂದಿತು. ಮಿತಾಕ್ಷರದ ಹೆಸರಿನಲ್ಲೇ ಮಿತಾಕ್ಷರದ ಮಾತು ಬಿದ್ದುಹೋಯಿತು. 1868ರ ರಾಮನಾಡಿನ ಮೊಕದ್ದಮೆಯಲ್ಲಿ ಅದೇ ಪ್ರಿವಿ ಕೌನ್ಸಿಲ್, ಸ್ಪಷ್ಟವಾಗಿ ರುಜುವಾತಾದ ರೂಢಿ ಗ್ರಂಥಕ್ಕಿಂತ ಬಲವಾದದ್ದು ಎಂದಿತು. ತತ್ವ ಸರಿ. ಆದರೆ ರೂಢಿಯನ್ನು ರುಜುವಾತು ಮಾಡುವ ಹೊರೆ ಅದನ್ನು ಹೇಳಿಕೊಂಡವರ ಮೇಲೆ ಬಿತ್ತು. ದಕ್ಷಿಣದ ಎಷ್ಟೋ ಸಮುದಾಯಗಳಿಗೆ ಬ್ರಾಹ್ಮಣಗ್ರಂಥದ ಕಾನೂನನ್ನು ಹೇರಲಾಗುತ್ತಿದೆ ಎಂದು ಮದ್ರಾಸಿನ ನ್ಯಾಯಾಧಿಕಾರಿ ಜೆ.ಎಚ್. ನೆಲ್ಸನ್ 1870ರ ದಶಕದಲ್ಲೇ ಎಚ್ಚರಿಸಿದ್ದರು.

ಆಧುನಿಕ ಪಂಥಗಳು ಏನನ್ನು ವಿವರಿಸುತ್ತವೆ?

ಈ ನಡುವೆ ಯುರೋಪಿನಲ್ಲಿ ಕಾನೂನಿನ ಮೂಲದ ಬಗ್ಗೆ ಹೊಸ ಸಿದ್ಧಾಂತಗಳು ಬಂದವು. ಜಾನ್ ಆಸ್ಟಿನ್ 1832ರಲ್ಲಿ ಪ್ರಕಟಿಸಿದ ಉಪನ್ಯಾಸಗಳ ಪ್ರಕಾರ ಕಾನೂನೆಂದರೆ ಸಾರ್ವಭೌಮನ ಆಜ್ಞೆ. ಹಿಂದೆ ಶಿಕ್ಷೆಯ ಬಲ ಇರಬೇಕು. 1956ರ ಕಾಯ್ದೆಯನ್ನು ಇದು ಚೆನ್ನಾಗಿ ವಿವರಿಸುತ್ತದೆ. ಯಾವ ದೊರೆಯೂ ಹೊರಡಿಸದ ಮಿತಾಕ್ಷರ ಶತಮಾನಗಳ ಕಾಲ ಹೇಗೆ ನಡೆಯಿತೆಂಬುದನ್ನು ವಿವರಿಸಲಾರದು.

ಜರ್ಮನಿಯ ಸಾವಿನಿ 1814ರಲ್ಲಿ, ಕಾನೂನು ಭಾಷೆಯಂತೆ ಜನಾಂಗದ ಒಡಲಿನಿಂದ ಬೆಳೆಯುತ್ತದೆ ಎಂದ. 1861ರಲ್ಲಿ ‘ಪ್ರಾಚೀನ ಕಾನೂನು’ ಬರೆದು, ಮರುವರ್ಷ ವೈಸ್‌ರಾಯ್ ಮಂಡಲಿಯ ಕಾನೂನು ಸದಸ್ಯನಾಗಿ ಭಾರತಕ್ಕೆ ಬಂದ ಹೆನ್ರಿ ಮೇನ್, ಹುಟ್ಟಿನ ಅಂತಸ್ತಿನಿಂದ ಕರಾರಿನ ಕಡೆಗೆ ಸಮಾಜಗಳು ಸಾಗುತ್ತವೆ ಎಂದ. ಅಳಿಯಕಟ್ಟಿನಂಥ ರೂಢಿಗಳಿಗೆ ಈ ಐತಿಹಾಸಿಕ ಪಂಥ ಹೊಂದುತ್ತದೆ. ಆದರೆ ‘ಜನರ ಒಡಲು’ ಎಂಬುದರೊಳಗೆ ಹೆಂಗಸರೂ ದಲಿತರೂ ಎಷ್ಟು ಮಾತಾಡಿದ್ದರು ಎಂಬ ಪ್ರಶ್ನೆಗೆ ಅದರಲ್ಲಿ ಉತ್ತರವಿಲ್ಲ.

ಎಲ್ಲ ಆಜ್ಞೆ, ರೂಢಿಗಳ ಮೇಲೆ ಒಂದು ನ್ಯಾಯವಿದೆ, ಅದಕ್ಕೆ ಹೊಂದದ್ದು ಹೆಸರಿಗಷ್ಟೇ ಕಾನೂನು ಎಂಬುದು ಸಿಸೆರೋ, ಥಾಮಸ್ ಅಕ್ವಿನಾಸರಿಂದ ಬಂದ ನೈಸರ್ಗಿಕ ನ್ಯಾಯದ ಪಂಥ. 1927ರ ಡಿಸೆಂಬರ್ 25ರಂದು ಮಹಾಡಿನಲ್ಲಿ ಅಂಬೇಡ್ಕರ್ ನೇತೃತ್ವದಲ್ಲಿ ಮನುಸ್ಮೃತಿಯನ್ನು ಸುಟ್ಟಾಗ ಈ ನೈತಿಕ ಮೊರೆಯೇ ಭಾರತದ ನೆಲದಲ್ಲಿ ಅತ್ಯಂತ ತೀಕ್ಷ್ಣವಾಗಿ ಕೇಳಿಸಿತು. ಎಚ್.ಎಲ್.ಎ. ಹಾರ್ಟ್ 1961ರಲ್ಲಿ, ಯಾವುದನ್ನು ಕಾನೂನೆಂದು ಒಪ್ಪಬೇಕೆಂಬ ಒಂದು ಮೂಲ ನಿಯಮವನ್ನು ಅಧಿಕಾರಸ್ಥರು ಪಾಲಿಸುವುದರಲ್ಲೇ ಕಾನೂನಿನ ಅಸ್ತಿತ್ವವಿದೆ ಎಂದರು. ರೊನಾಲ್ಡ್ ಡ್ವರ್ಕಿನ್, ಕಾನೂನು ಅರ್ಥೈಸುವ ಕ್ರಿಯೆಯೇ; ಹಿಂದಿನ ನಿರ್ಣಯಗಳಿಗೆ ಹೊಂದಿಕೊಂಡು ಅವನ್ನು ಅತ್ಯುತ್ತಮ ಬೆಳಕಿನಲ್ಲಿ ತೋರುವ ಅರ್ಥವೇ ಸರಿ ಎಂದರು. ವಿಜ್ಞಾನೇಶ್ವರ ಶ್ಲೋಕಕ್ಕೆ ಶ್ಲೋಕ ಹೊಂದಿಸಿ ಹಿರಿಯ ಮಗನ ಹೆಚ್ಚು ಪಾಲನ್ನು ಕೈಬಿಟ್ಟ ರೀತಿಗೆ ಈ ಕೊನೆಯ ವಿವರಣೆ ಎಲ್ಲಕ್ಕಿಂತ ಹತ್ತಿರ.

ಶಾಸನಸಭೆಯ ಕಾಲ

ಮೈಸೂರು ಸಂಸ್ಥಾನ 1933ರಲ್ಲೇ ಹಿಂದೂ ಸ್ತ್ರೀಯರ ಹಕ್ಕುಗಳ ಕಾಯ್ದೆ ತಂದು, ವಿಭಾಗದ ವೇಳೆ ತಾಯಿ, ವಿಧವೆ, ಮದುವೆಯಾಗದ ಹೆಣ್ಣುಮಕ್ಕಳಿಗೆ ಪಾಲು ಕೊಟ್ಟಿತು. ಬ್ರಿಟಿಷ್ ಭಾರತದಲ್ಲಿ ವಿಧವೆಗೆ ಜೀವಿತಾವಧಿಯ ಸೀಮಿತ ಹಕ್ಕು ಬಂದದ್ದು 1937ರಲ್ಲಿ. ಹಿಂದೂ ಸಂಹಿತೆಯ ಕರಡು ಸಿದ್ಧಪಡಿಸಿದ ಬೆನಗಲ್ ನರಸಿಂಗ ರಾವ್ ಸಮಿತಿ ದಾಯಭಾಗದ ದಾರಿ ಹಿಡಿದು ಹುಟ್ಟಿನ ಹಕ್ಕನ್ನೇ ಕೈಬಿಡಲು ಸೂಚಿಸಿತು. ಕಾನೂನು ಸಚಿವರಾಗಿ ಅಂಬೇಡ್ಕರ್ ಆ ಸಂಹಿತೆಗಾಗಿ ಹೋರಾಡಿ, ಅದು ನಿಂತುಹೋದಾಗ 1951ರ ಸೆಪ್ಟೆಂಬರಿನಲ್ಲಿ ರಾಜೀನಾಮೆ ಕೊಟ್ಟರು. ಕೊನೆಗೆ ಬಂದ 1956ರ ಕಾಯ್ದೆ ಹೆಂಗಸಿನ ಆಸ್ತಿಗೆ ಪೂರ್ಣ ಒಡೆತನ ಕೊಟ್ಟಿತು, ಆದರೆ ಗಂಡಸರ ಹುಟ್ಟಿನ ಹಕ್ಕನ್ನು ಹಾಗೆಯೇ ಉಳಿಸಿತು.

ಆಂಧ್ರ, ತಮಿಳುನಾಡುಗಳ ಬಳಿಕ ಕರ್ನಾಟಕ 1994ರ ಜುಲೈ 30ರಿಂದ ಮಗಳನ್ನೂ ಹುಟ್ಟಿನಿಂದ ಪಾಲುದಾರಳಾಗಿ ಮಾಡಿತು. ಅದಕ್ಕೂ ಮೊದಲೇ ಮದುವೆಯಾದವಳು ಹೊರಗುಳಿದಳು. 2005ರ ಸೆಪ್ಟೆಂಬರ್ 9ರಿಂದ ಕೇಂದ್ರದ ತಿದ್ದುಪಡಿ ಆ ಭೇದವನ್ನೂ ತೆಗೆಯಿತು. ಮುಂದಿನ ಗೊಂದಲದಲ್ಲಿ ಕರ್ನಾಟಕದ ಎರಡು ಮೊಕದ್ದಮೆಗಳಿವೆ. 2015ರ ಫುಲಾವತಿ ತೀರ್ಪು, ಆ ದಿನಕ್ಕೆ ತಂದೆಯೂ ಮಗಳೂ ಬದುಕಿರಬೇಕು ಎಂದಿತು. 2018ರ ದಾನಮ್ಮ ತೀರ್ಪು 2001ರಲ್ಲೇ ತೀರಿಕೊಂಡ ತಂದೆಯ ಹೆಣ್ಣುಮಕ್ಕಳಿಗೂ ಪಾಲು ಕೊಟ್ಟಿತು. ಒಂದೇ ಕಲಮು, ಒಂದೇ ನ್ಯಾಯಾಲಯ, ಎರಡು ಅರ್ಥ. ಅದನ್ನು ಬಗೆಹರಿಸಿದ್ದು 2020ರ ತೀರ್ಪು.

ಧರ್ಮದ ಅರ್ಥ ಹೇಳುವ ಕೆಲಸವೂ ಈಗ ಕೋರ್ಟಿಗೆ ಬಂದಿದೆ. ಉಡುಪಿಯ ಶಿರೂರು ಮಠದ 1954ರ ಮೊಕದ್ದಮೆಯಲ್ಲಿ, ಒಂದು ಧರ್ಮಕ್ಕೆ ಯಾವುದು ಅತ್ಯವಶ್ಯ ಆಚರಣೆ ಎಂಬುದನ್ನು ಆ ಧರ್ಮದ ತತ್ವಗಳಿಂದಲೇ ತಿಳಿಯಬೇಕೆಂದು ಸುಪ್ರೀಂ ಕೋರ್ಟ್ ಹೇಳಿತು. 1957ರಲ್ಲಿ ಮೂಲ್ಕಿಯ ವೆಂಕಟರಮಣ ದೇವಸ್ಥಾನದ ಪ್ರಕರಣದಲ್ಲಿ ನ್ಯಾಯಮೂರ್ತಿಗಳು ಆಗಮಗಳ ವಿಚಾರಕ್ಕೇ ಇಳಿದು, ಕೊನೆಗೆ ದೇವಾಲಯ ಪ್ರವೇಶದ ಹಕ್ಕಿಗೆ ಹೆಚ್ಚಿನ ಬಲ ಕೊಟ್ಟರು. 2022ರ ಮಾರ್ಚ್ 15ರಂದು ಕರ್ನಾಟಕ ಹೈಕೋರ್ಟ್ ಹಿಜಾಬ್ ಅತ್ಯವಶ್ಯ ಆಚರಣೆಯಲ್ಲ ಎಂದಿತು. ಸುಪ್ರೀಂ ಕೋರ್ಟಿನಲ್ಲಿ ಇಬ್ಬರು ನ್ಯಾಯಮೂರ್ತಿಗಳ ಅಭಿಪ್ರಾಯ ಬೇರೆಯಾಯಿತು. ಸಂವಿಧಾನಕ್ಕೂ ಅರ್ಥದ ಹಂಗು ತಪ್ಪಿಲ್ಲ. ಕಾಸರಗೋಡಿನ ಎಡನೀರು ಮಠದ ಕೇಶವಾನಂದ ಭಾರತಿ ಸ್ವಾಮೀಜಿಯವರ ಮೊಕದ್ದಮೆಯಲ್ಲಿ, 1973ರ ಏಪ್ರಿಲ್ 24ರಂದು, ಹದಿಮೂವರಲ್ಲಿ ಏಳು ನ್ಯಾಯಮೂರ್ತಿಗಳ ಬಹುಮತದಿಂದ ‘ಮೂಲ ರಚನೆ’ಯ ತತ್ವ ಹುಟ್ಟಿತು. ಆ ಎರಡು ಪದಗಳು ಸಂವಿಧಾನದ ಪಠ್ಯದಲ್ಲಿಲ್ಲ.

ಇತ್ಯರ್ಥವಾಗದೆ ಉಳಿದವು

ಮೊದಲನೆಯದು, ವೈಯಕ್ತಿಕ ಕಾನೂನು ಮೂಲಭೂತ ಹಕ್ಕುಗಳಿಗೆ ಒಳಪಟ್ಟಿದೆಯೇ ಎಂಬುದು. ಇಲ್ಲ ಎಂದು ನರಸು ಅಪ್ಪಾ ಮಾಳಿ ಪ್ರಕರಣದಲ್ಲಿ ಬಾಂಬೆ ಹೈಕೋರ್ಟ್ 1951ರಲ್ಲಿ ಹೇಳಿತು. 2018ರ ಶಬರಿಮಲೆ ತೀರ್ಪಿನಲ್ಲಿ ನ್ಯಾಯಮೂರ್ತಿ ಚಂದ್ರಚೂಡ್ ಆ ನಿಲುವನ್ನು ಪ್ರಶ್ನಿಸಿದರು. ಪೂರ್ಣ ಉತ್ತರ ಬಂದಿಲ್ಲ. ಅತ್ಯವಶ್ಯ ಆಚರಣೆಯನ್ನು ಗುರುತಿಸುವ ಅರ್ಹತೆ ಕೋರ್ಟಿಗಿದೆಯೇ ಎಂಬುದೂ ಇದರ ಜೊತೆಗೇ ಉಳಿದಿದೆ.

ಎರಡನೆಯದು, ಏಕರೂಪತೆ. ಉತ್ತರಾಖಂಡ 2024ರಲ್ಲಿ ಸಮಾನ ನಾಗರಿಕ ಸಂಹಿತೆ ತಂದಿತು, ಪರಿಶಿಷ್ಟ ಪಂಗಡಗಳನ್ನು ಹೊರಗಿಟ್ಟಿತು. 1956ರ ಕಾಯ್ದೆಯೂ ಅವರನ್ನು ಹೊರಗಿಟ್ಟಿದೆ. ರೂಢಿಯ ರಕ್ಷಣೆಗೂ ಬುಡಕಟ್ಟಿನ ಹೆಣ್ಣಿನ ಸಮಾನ ಪಾಲಿಗೂ ಹೊಂದಾಣಿಕೆ ಹೇಗೆ? ಒಂದೇ ಕಾನೂನು ಎಂದಾಗ ಯಾರ ರೂಢಿ ಎಲ್ಲರ ಕಾನೂನಾಗುತ್ತದೆ? ಸುಧಾರಣೆಯ ಹೆಸರಿನಲ್ಲಿ ಬಂದ ಹಿಂದೂ ಕಾಯ್ದೆಗಳು ಕೆಳಜಾತಿಗಳಲ್ಲಿ ಹೆಂಗಸರಿಗಿದ್ದ ಕೆಲವು ರೂಢಿಯ ಸ್ವಾತಂತ್ರ್ಯಗಳನ್ನು ಮರೆಸಿದವು ಎಂಬ ಫ್ಲೇವಿಯಾ ಆಗ್ನೆಸ್ ಅವರ ಎಚ್ಚರಿಕೆ ಇಲ್ಲಿ ನೆನಪಿರಬೇಕು.

ಮೂರನೆಯದು, ಹೆಣ್ಣಿನ ಸ್ವಯಾರ್ಜಿತ ಆಸ್ತಿಯ ವಾರಸು. ಉಯಿಲು ಬರೆಯದೆ, ಗಂಡ ಮಕ್ಕಳಿಲ್ಲದೆ ತೀರಿಕೊಂಡವಳು ದುಡಿದು ಗಳಿಸಿದ್ದು 1956ರ ಕಾಯ್ದೆಯ 15ನೆಯ ಕಲಮಿನಂತೆ ತವರಿಗಿಂತ ಮೊದಲು ಗಂಡನ ವಾರಸುದಾರರಿಗೆ ಹೋಗುತ್ತದೆ. 2009ರಲ್ಲಿ ಸುಪ್ರೀಂ ಕೋರ್ಟ್ ಅದನ್ನೇ ಎತ್ತಿಹಿಡಿಯಿತು. ಇದು ನ್ಯಾಯವೆಂದು ನನಗೆ ಅನಿಸುವುದಿಲ್ಲ.

ನಾಲ್ಕನೆಯದು ಎಲ್ಲಕ್ಕಿಂತ ಕಠಿಣ. ಕಾಯ್ದೆಯ ಹಕ್ಕಿಗೂ ಕೈಗೆ ಬಂದ ಜಮೀನಿಗೂ ಇರುವ ಅಂತರವನ್ನು ಬೀನಾ ಅಗರ್‌ವಾಲ್ 1994ರ ತಮ್ಮ ಗ್ರಂಥದಲ್ಲಿ ವಿವರವಾಗಿ ತೋರಿಸಿದರು. ನಮ್ಮ ಹಳ್ಳಿಗಳಲ್ಲಿ ಅದರ ಹೆಸರು ಹಕ್ಕು ಬಿಡುಗಡೆ ಪತ್ರ. ವಂಶವೃಕ್ಷದಲ್ಲಿ ಅಕ್ಕತಂಗಿಯರ ಹೆಸರು ಬರುತ್ತದೆ. ಪಾಲುಪಾರೀಖತ್ತಿನ ದಿನ ಅರಿಶಿನ ಕುಂಕುಮಕ್ಕೆಂದು ಒಂದಿಷ್ಟು ಹಣ ಅಥವಾ ಸೀರೆ ಕೊಟ್ಟು, ಉಪನೋಂದಣಿ ಕಚೇರಿಯಲ್ಲಿ ಸಹಿ ಹಾಕಿಸಿಕೊಳ್ಳುತ್ತಾರೆ. ಪಹಣಿಯಲ್ಲಿ ಅಣ್ಣತಮ್ಮಂದಿರ ಹೆಸರು ಮಾತ್ರ ಉಳಿಯುತ್ತದೆ. ಸಹಿ ಹಾಕದವಳಿಗೆ ತವರಿನ ಬಾಗಿಲು ಮುಚ್ಚುತ್ತದೆಂಬ ಭಯ ಕಾಗದದಲ್ಲಿ ಎಲ್ಲೂ ಕಾಣುವುದಿಲ್ಲ. ಲೋಕಪ್ರಸಿದ್ಧಿಯೇ ಪ್ರಮಾಣವೆಂಬ ಕಲ್ಯಾಣದ ಟೀಕಾಕಾರನ ತತ್ವವನ್ನು ಇಲ್ಲಿಗೆ ತಂದರೆ ರೂಢಿ ಅಣ್ಣತಮ್ಮಂದಿರ ಪರ. ಜನವಿರೋಧಿಯಾದ ಆಚಾರವನ್ನು ಬಿಡಬೇಕೆಂಬ ಅವನದೇ ಇನ್ನೊಂದು ತತ್ವವನ್ನು ತಂದರೆ, ಆ ‘ಜನ’ರಲ್ಲಿ ಅಕ್ಕತಂಗಿಯರನ್ನೂ ಎಣಿಸಬೇಕೇ ಎಂಬ ಪ್ರಶ್ನೆ ಏಳುತ್ತದೆ. ಎಣಿಸಲೇಬೇಕೆಂದು ಸಂವಿಧಾನ ಹೇಳಿದೆ. ಮನೆಯ ಜಗಲಿಯಲ್ಲಿ ನಡೆಯುವ ಪಾಲಿನ ಮಾತುಕತೆಗೆ ಆ ಮಾತನ್ನು ಯಾವ ಬಲದಿಂದ ತಲುಪಿಸಬೇಕು, ಆಜ್ಞೆಯಿಂದಲೋ, ಮನವೊಲಿಕೆಯಿಂದಲೋ, ರೂಢಿಯೇ ಬದಲಾಗುವವರೆಗಿನ ಕಾಯುವಿಕೆಯಿಂದಲೋ ಎಂಬುದರಲ್ಲಿ ಯಾವ ಪಂಥವೂ ಇನ್ನೂ ಒಪ್ಪುವಂಥ ಉತ್ತರ ಕೊಟ್ಟಿಲ್ಲ.